ಕುಚ್ಚುಮೀನಿಗೆ ನೀರೂ ಬೇಕು, ಗಾಳಿಯೂ ಬೇಕು

ಕೃಷ್ಣೆಯ ಹಿನ್ನೀರಿನಲ್ಲಿ ಸಂಜೆ ಇಳಿಬಿಟ್ಟ ಬಲೆಯನ್ನು ನಸುಕಿನಲ್ಲಿ ಎತ್ತಿದಾಗ, ಆಳದಲ್ಲಿ ಸಿಕ್ಕಿಬಿದ್ದ ರೋಹು ಇನ್ನೂ ಬಾಲ ಬಡಿಯುತ್ತಿದ್ದು, ಅದರ ಪಕ್ಕದಲ್ಲೇ ಸಿಕ್ಕ ಕುಚ್ಚುಮೀನು ಸತ್ತು ಸೆಟೆದಿರುವುದುಂಟು. ಅದೇ ಕುಚ್ಚುಮೀನು ಜೀವಂತವಾಗಿ ಪೇಟೆಗೆ ಬಂದರೆ ಲೆಕ್ಕ ತಿರುಗುಮುರುಗಾಗುತ್ತದೆ. ನಾಲ್ಕು ಬೆರಳು ನೀರಿರುವ ಪ್ಲಾಸ್ಟಿಕ್ ಬುಟ್ಟಿಯಲ್ಲಿ ಅದು ಗಂಟೆಗಟ್ಟಲೆ ಬದುಕಿರುತ್ತದೆ. ರೋಹು ಕೊಂಚ ಹೊತ್ತಿನಲ್ಲೇ ಬಾಯಿ ಬಿಟ್ಟು ಮಗ್ಗುಲಾಗುತ್ತದೆ. ಮೀನು ನೀರಿನಲ್ಲಿ ಮುಳುಗಿ ಸಾಯುತ್ತದೆ ಎಂದರೆ ಕೇಳುವವರಿಗೆ ತಮಾಷೆಯಾಗಿ ಕಾಣಬಹುದು. ಆದರೆ ಬಲೆಯಲ್ಲಿ ಸತ್ತ ಕುಚ್ಚುಮೀನಿಗೆ ಆಗಿರುವುದು ಅದೇ: ಮೇಲೆ ಬಂದು ಗಾಳಿ ನುಂಗಲು ದಾರಿಯಿಲ್ಲದೆ ಅದು ಉಸಿರುಕಟ್ಟಿ ಸತ್ತಿದೆ. ಈ ಒಂದು ಸಂಗತಿಯನ್ನು ಸರಿಯಾಗಿ ಅರ್ಥ ಮಾಡಿಕೊಂಡರೆ ಈ ಮೀನು ವಾಸಿಸುವ ಜಾಗ, ಮೊಟ್ಟೆಯಿಡುವ ರೀತಿ, ಮರಿ ಕಾಯುವ ಕ್ರಮ, ನಮ್ಮ ಸೀಮೆಯ ಬತ್ತುವ ಹೊಳೆಗಳೊಂದಿಗೆ ಅದಕ್ಕಿರುವ ನಂಟು, ಇವೆಲ್ಲವೂ ಒಂದೇ ಎಳೆಯಲ್ಲಿ ಬಿಡಿಸಿಕೊಳ್ಳುತ್ತವೆ ಎಂಬುದು ನನ್ನ ಅಭಿಪ್ರಾಯ.

ಇಲ್ಲಿ ಕುಚ್ಚುಮೀನು ಎಂದು ಕರೆದಿರುವುದು ವಿಜ್ಞಾನಿಗಳು ಚನ್ನಾ ಸ್ಟ್ರಯೇಟಾ ಎನ್ನುವ ಪ್ರಭೇದವನ್ನು. ಕೆಲವು ಕಡೆ ಇದನ್ನು ಕೊರವ ಎನ್ನುತ್ತಾರೆ. ಮರಾಠಿ ಸೀಮೆಗೆ ತಾಗಿದ ಚಿಕ್ಕೋಡಿ, ಅಥಣಿಗಳ ಕಡೆ ಮರಳ್ ಎಂದರೆ ಬೇಗ ತಿಳಿಯುತ್ತದೆ. ತೆಲುಗರಿಗೆ ಇದು ಕೊರ್ರಮೀನು, ವ್ಯಾಪಾರದ ಮಾತಿನಲ್ಲಿ ಮುರಲ್. ಉರುಳೆಯಾಕಾರದ ಉದ್ದ ಮೈ, ಚಪ್ಪಟೆಯಾದ ತಲೆ, ತಲೆಯ ಮೇಲೆ ಹಾವಿನ ನೆತ್ತಿಯಲ್ಲಿರುವಂಥ ಅಗಲ ಹುರುಪೆಗಳು, ಕಣ್ಣಿನ ಹಿಂದಿನವರೆಗೂ ಸೀಳಿದ ಬಾಯಿ, ತಲೆಯ ಹಿಂದಿನಿಂದ ಬಾಲದ ಬುಡದವರೆಗೆ ಒಂದೇ ಸಮನೆ ಓಡುವ ಬೆನ್ನಿನ ರೆಕ್ಕೆ ಇದರ ಗುರುತುಗಳು. ಬೆನ್ನು ಕಪ್ಪು ಹಸಿರು ಅಥವಾ ಕಂದು, ಹೊಟ್ಟೆ ಬಿಳಿ, ಪಕ್ಕದಲ್ಲಿ ಓರೆಯಾಗಿ ಇಳಿಯುವ ಕಪ್ಪು ಪಟ್ಟೆಗಳು. ಸಾಮಾನ್ಯವಾಗಿ ಒಂದು ಅಡಿಯಿಂದ ಎರಡು ಅಡಿಯವರೆಗೆ ಬೆಳೆದದ್ದು ಕೈಗೆ ಸಿಗುತ್ತದೆ. ಒಂದು ಮೀಟರಿನವರೆಗೂ ಬೆಳೆಯಬಲ್ಲದು.

ಇದರ ಅಣ್ಣತಮ್ಮಂದಿರೂ ನಮ್ಮ ಹೊಳೆಗಳಲ್ಲಿದ್ದಾರೆ. ಎಲ್ಲಕ್ಕಿಂತ ದೊಡ್ಡದು ಚನ್ನಾ ಮರುಲಿಯಸ್, ಅಂದರೆ ಹೂವಿನ ಮುರಲ್. ಇದು ಮೀಟರ್ ದಾಟಿ ಬೆಳೆಯುತ್ತದೆ, ನದಿಯ ಆಳವಾದ ಮಡುಗಳನ್ನು ಇಷ್ಟಪಡುತ್ತದೆ, ಪಕ್ಕದಲ್ಲಿ ಸಾಲಾಗಿ ಕಪ್ಪು ಮಚ್ಚೆಗಳಿರುತ್ತವೆ, ಬಾಲದ ಬುಡದ ಮೇಲ್ಭಾಗದಲ್ಲಿ ಕಿತ್ತಳೆ ಅಂಚಿನ ಕಪ್ಪು ಕಣ್ಣಿನಂಥ ಬೊಟ್ಟು ಇರುತ್ತದೆ. ಹಳ್ಳಕೊಳ್ಳಗಳಲ್ಲಿ ಸಿಗುವ ಗೇಣುದ್ದದ ಚನ್ನಾ ಪಂಕ್ಟೇಟಾ, ಅದಕ್ಕಿಂತಲೂ ಚಿಕ್ಕದಾದ ಚನ್ನಾ ಗಚುವಾ ಇದೇ ಕುಲದವು. ಸ್ಟ್ರಯೇಟಾ ಪ್ರಭೇದವನ್ನು ಜರ್ಮನಿಯ ಮಾರ್ಕಸ್ ಬ್ಲಾಖ್ 1793ರಲ್ಲಿ ವಿವರಿಸಿದ. ಮರುಲಿಯಸ್ಸನ್ನು ವಿವರಿಸಿದವನು 1822ರಲ್ಲಿ ಗಂಗಾನದಿಯ ಮೀನುಗಳ ಬಗ್ಗೆ ಬರೆದ ಫ್ರಾನ್ಸಿಸ್ ಹ್ಯಾಮಿಲ್ಟನ್. ಟಿಪ್ಪು ಸತ್ತ ಮರುವರ್ಷ ಮೈಸೂರು, ಕೆನರಾ, ಮಲಬಾರುಗಳನ್ನು ಸುತ್ತಿ ದಿನಚರಿ ಬರೆದ ಬುಕನನ್ ಎಂದು ಕನ್ನಡಿಗರಿಗೆ ಗೊತ್ತಿರುವ ವ್ಯಕ್ತಿಯೇ ಈತ. ಆಮೇಲೆ ತಾಯಿಯ ಮನೆತನದ ಹೆಸರಿಟ್ಟುಕೊಂಡ. ಕುಲದಲ್ಲಿ ಈಗ ನಲವತ್ತಕ್ಕೂ ಹೆಚ್ಚು ಪ್ರಭೇದಗಳನ್ನು ಎಣಿಸಲಾಗಿದ್ದು, ಈ ವಂಶದ ಪಳೆಯುಳಿಕೆಗಳು ಪಾಕಿಸ್ತಾನದಲ್ಲಿ ಸುಮಾರು 5 ಕೋಟಿ ವರ್ಷ ಹಿಂದಿನ ಪದರಗಳಲ್ಲಿ ಸಿಕ್ಕಿವೆ. ಹಾಗಾಗಿ ಗಾಳಿ ಕುಡಿಯುವ ಈ ವಿದ್ಯೆ ಇಂದು ನಿನ್ನೆಯದಲ್ಲ.

ಗಾಳಿ ಯಾಕೆ ಬೇಕು ಎಂಬುದಕ್ಕೆ ಮೊದಲು ನೀರಿನಲ್ಲಿ ಎಷ್ಟು ಆಮ್ಲಜನಕವಿದೆ ಎಂದು ನೋಡಬೇಕು. 30 ಡಿಗ್ರಿ ಸೆಲ್ಸಿಯಸ್ ಬಿಸಿಯಿರುವ ನೀರು, ತನ್ನಿಂದಾದಷ್ಟು ಆಮ್ಲಜನಕವನ್ನು ಕರಗಿಸಿಕೊಂಡರೂ, ಲೀಟರಿಗೆ ಸುಮಾರು ಏಳೂವರೆ ಮಿಲಿಗ್ರಾಂ ಮಾತ್ರ ಹಿಡಿದಿಟ್ಟುಕೊಳ್ಳುತ್ತದೆ. ಅಷ್ಟೇ ಬಿಸಿಯ ಒಂದು ಲೀಟರ್ ಗಾಳಿಯಲ್ಲಿ 270 ಮಿಲಿಗ್ರಾಮಿನಷ್ಟು ಆಮ್ಲಜನಕವಿರುತ್ತದೆ, ಅಂದರೆ ಮೂವತ್ತೈದು ಪಟ್ಟಿಗೂ ಹೆಚ್ಚು. ನೀರು ಬಿಸಿಯಾದಷ್ಟೂ ಅದರಲ್ಲಿ ಕರಗುವ ಆಮ್ಲಜನಕ ಕಡಿಮೆಯಾಗುತ್ತ ಹೋಗುತ್ತದೆ, ಮೀನಿನ ಮೈಗೆ ಬೇಕಾಗುವ ಆಮ್ಲಜನಕ ಮಾತ್ರ ಏರುತ್ತ ಹೋಗುತ್ತದೆ. ಏಪ್ರಿಲ್ ಮೇ ತಿಂಗಳಲ್ಲಿ ನಿಂತ ಮಡುವಿನಲ್ಲಿ ಇನ್ನೊಂದು ತೊಂದರೆಯೂ ಇದೆ. ಹಗಲಲ್ಲಿ ಪಾಚಿ ಬಿಸಿಲಿಗೆ ಆಮ್ಲಜನಕವನ್ನು ಬಿಡುತ್ತದೆ, ರಾತ್ರಿ ಅದೇ ಪಾಚಿ ಎಲ್ಲರಂತೆ ಆಮ್ಲಜನಕವನ್ನು ತಾನೂ ಬಳಸುತ್ತದೆ. ಹೀಗಾಗಿ ಕೋಳಿ ಕೂಗುವ ಹೊತ್ತಿಗೆ ನೀರಿನಲ್ಲಿ ಆಮ್ಲಜನಕ ತಳ ಕಂಡಿರುತ್ತದೆ. ಮೀನು ಸಾಕುವವರು ನಸುಕಿನಲ್ಲಿ ಎದ್ದು ಹೊಂಡ ನೋಡಲು ಹೋಗುವುದು ಇದೇ ಕಾರಣಕ್ಕೆ. ಕಾಟ್ಲಾ, ರೋಹುಗಳು ಮೇಲೆ ಬಂದು ಬಾಯಿ ಬಿಡುವುದು ಆ ಹೊತ್ತಿನಲ್ಲೇ. ಆದರೆ ಅವು ಗಾಳಿಯನ್ನು ಉಸಿರಾಡುತ್ತಿರುವುದಿಲ್ಲ. ಗಾಳಿಗೆ ತಾಗಿರುವ ಮೇಲುಪದರದ ನೀರಿನಲ್ಲಿ ಒಂದಿಷ್ಟು ಹೆಚ್ಚು ಆಮ್ಲಜನಕ ಇರುತ್ತದೆಂದು ಅದನ್ನು ಹೀರಲು ಹೆಣಗುತ್ತಿರುತ್ತವೆ.

ಕುಚ್ಚುಮೀನಿನ ವ್ಯವಸ್ಥೆಯೇ ಬೇರೆ. ಅದರ ತಲೆಯೊಳಗೆ, ಕಿವಿರುಗಳ ಮೇಲ್ಗಡೆ, ಎಡಕ್ಕೊಂದು ಬಲಕ್ಕೊಂದು ಸಣ್ಣ ಕೋಣೆಗಳಿವೆ. ಕೋಣೆಯ ಒಳಗೋಡೆಯ ಚರ್ಮ ಮಡಿಕೆ ಮಡಿಕೆಯಾಗಿದ್ದು, ಅದರ ತುಂಬ ಕೂದಲಿಗಿಂತ ತೆಳ್ಳಗಿನ ರಕ್ತನಾಳಗಳು ಹೆಣೆದುಕೊಂಡಿರುತ್ತವೆ. ನುಂಗಿದ ಗಾಳಿ ಈ ಕೋಣೆಗಳಲ್ಲಿ ನಿಲ್ಲುತ್ತದೆ, ಆಮ್ಲಜನಕ ಅಲ್ಲಿಂದಲೇ ರಕ್ತಕ್ಕೆ ಇಳಿಯುತ್ತದೆ. ಇದು ನಮ್ಮ ಶ್ವಾಸಕೋಶದಂಥ ಅಂಗವಲ್ಲ, ಮೀನಿನ ಗಾಳಿಚೀಲವೂ ಅಲ್ಲ. ಕಿವಿರಿನ ಗೂಡಿನ ಚಾವಣಿಯೇ ಹಿಗ್ಗಿ ಆದ ಅಂಗ.

ಉಸಿರು ಬದಲಿಸುವ ಕ್ರಮವನ್ನು ಪೇಟೆಯ ಬುಟ್ಟಿಯಲ್ಲೇ ನೋಡಬಹುದು, ಸ್ವಲ್ಪ ತಾಳ್ಮೆ ಬೇಕು ಅಷ್ಟೆ. ಮೀನು ತಳದಲ್ಲಿ ಕೊರಡಿನಂತೆ ಬಿದ್ದುಕೊಂಡಿರುತ್ತದೆ. ಕೆಲವು ನಿಮಿಷ ಕಳೆದ ಮೇಲೆ ಮುಂದಿನ ರೆಕ್ಕೆಗಳನ್ನು ನಿಧಾನವಾಗಿ ಆಡಿಸುತ್ತ ಓರೆಯಾಗಿ ಮೇಲೇಳುತ್ತದೆ, ಮೂತಿಯ ತುದಿ ನೀರಿನಿಂದ ಹೊರಗೆ ಬರುತ್ತದೆ, ಬಾಯಿ ಒಮ್ಮೆ ತೆರೆದು ಮುಚ್ಚುತ್ತದೆ, ಕೆಳಗೆ ಇಳಿಯುವಾಗ ಕಿವಿರಿನ ಮುಚ್ಚಳದ ಸಂದಿಯಿಂದ ಒಂದೆರಡು ಗುಳ್ಳೆ ಹೊರಬೀಳುತ್ತವೆ. ಕಣ್ಣಿಗೆ ಇಷ್ಟೇ ಕಾಣುತ್ತದೆ; ಒಳಗೆ ನಡೆಯುವುದನ್ನು ಎಕ್ಸ್‌ರೇ ಹಿಡಿದು ನೋಡಿದವರು ಹೇಳುವ ಪ್ರಕಾರ ಕೆಲಸ ಮೂರು ಹಂತದ್ದು. ಮೊದಲು ಹಳೆಯ ಗಾಳಿ ಕೋಣೆಯಿಂದ ಬಾಯಿಯ ಕಡೆಗೆ ಹೊರಡುತ್ತದೆ. ಆಗ ಕಿವಿರಿನ ಕಡೆಯಿಂದ ನೀರು ಹಿಮ್ಮುಖವಾಗಿ ನುಗ್ಗಿ ಕೋಣೆಯನ್ನು ತುಂಬಿ ಉಳಿದ ಗಾಳಿಯನ್ನೂ ತಳ್ಳುತ್ತದೆ. ಕೊನೆಗೆ ಬಾಯಿಂದ ಎಳೆದುಕೊಂಡ ಹೊಸ ಗಾಳಿ ಆ ನೀರನ್ನು ಹೊರಗೆ ಹಾಕಿ ಜಾಗ ಹಿಡಿಯುತ್ತದೆ. ನಾವು ಉಸಿರು ಬಿಟ್ಟಾಗಲೂ ಶ್ವಾಸಕೋಶದಲ್ಲಿ ಹಳೆಯ ಗಾಳಿ ಸಾಕಷ್ಟು ಉಳಿದಿರುತ್ತದೆ. ಕುಚ್ಚುಮೀನಾದರೋ ಕೋಣೆಯನ್ನು ನೀರಿನಿಂದ ತೊಳೆದು ಹೊಸ ಗಾಳಿ ತುಂಬುತ್ತದೆ. ಈ ಮಟ್ಟಿಗೆ ಅದರ ಉಸಿರಾಟ ನಮ್ಮದಕ್ಕಿಂತ ಅಚ್ಚುಕಟ್ಟು ಎಂದರೆ ತಪ್ಪಿಲ್ಲ.

ಹಾಗಾದರೆ ಕಿವಿರು ಯಾಕಿದೆ ಎಂಬ ಪ್ರಶ್ನೆ ಏಳುತ್ತದೆ, ಮತ್ತು ಇಡೀ ವಿಷಯದಲ್ಲಿ ಹೆಚ್ಚು ಸ್ವಾರಸ್ಯ ಇರುವುದು ಇಲ್ಲೇ. ದೇಹಕ್ಕೆ ಆಮ್ಲಜನಕ ಬಂದರೆ ಸಾಲದು, ಇಂಗಾಲದ ಡೈಆಕ್ಸೈಡ್ ಹೊರಗೂ ಹೋಗಬೇಕು. ಇಂಗಾಲದ ಡೈಆಕ್ಸೈಡ್ ನೀರಿನಲ್ಲಿ ಬಹು ಸಲೀಸಾಗಿ ಕರಗುವ ಅನಿಲವಾದ್ದರಿಂದ, ಅದನ್ನು ಬಿಡಲು ನೀರೇ ಒಳ್ಳೆಯ ದಾರಿ; ಅಮೋನಿಯಾ ಎಂಬ ಇನ್ನೊಂದು ಕಸವನ್ನು ಹೊರಹಾಕಲೂ ಕಿವಿರಿನ ಮೇಲೆ ಹರಿಯುವ ನೀರೇ ಬೇಕು. ಆದ್ದರಿಂದ ಕುಚ್ಚುಮೀನು ಒಳಗೆ ತೆಗೆದುಕೊಳ್ಳುವುದನ್ನು ಹೆಚ್ಚಾಗಿ ಗಾಳಿಯಿಂದ ತೆಗೆದುಕೊಳ್ಳುತ್ತದೆ, ಹೊರಗೆ ಬಿಡುವುದನ್ನು ಹೆಚ್ಚಾಗಿ ನೀರಿಗೆ ಬಿಡುತ್ತದೆ. ಎರಡರಲ್ಲಿ ಒಂದು ತಪ್ಪಿದರೂ ಅದಕ್ಕೆ ಉಳಿಗಾಲವಿಲ್ಲ. ನೀರಿನಿಂದ ಹೊರತೆಗೆದ ಕುಚ್ಚುಮೀನು ಬಹಳ ಹೊತ್ತು ಬದುಕುವುದು ನಿಜವಾದರೂ ಎಷ್ಟು ದಿನ ಬೇಕಾದರೂ ಇರುತ್ತದೆ ಎಂಬ ಮಾತು ನಿಜವಲ್ಲ. ಚರ್ಮ ಒಣಗುತ್ತಿದ್ದಂತೆ, ಮೈಯೊಳಗಿನ ಕಸ ಏರುತ್ತಿದ್ದಂತೆ ಅದೂ ಸೋಲುತ್ತದೆ.

ಕಿವಿರು ದೊಡ್ಡದಿದ್ದರೆ ಒಳ್ಳೆಯದಲ್ಲವೇ, ನೀರಿನಿಂದಲೂ ಗಾಳಿಯಿಂದಲೂ ಎಳೆದುಕೊಳ್ಳಬಹುದಲ್ಲ ಎಂದು ಕೇಳಬಹುದು. ಆಮ್ಲಜನಕವಿಲ್ಲದ ನೀರಿನಲ್ಲಿ ದೊಡ್ಡ ಕಿವಿರು ಲಾಭಕ್ಕಿಂತ ನಷ್ಟವನ್ನೇ ತರುತ್ತದೆ. ಗಾಳಿಯಿಂದ ಕಷ್ಟಪಟ್ಟು ಗಳಿಸಿದ ಆಮ್ಲಜನಕ ತುಂಬಿದ ರಕ್ತ ಕಿವಿರಿನ ತೆಳು ಪದರಗಳಲ್ಲಿ ಹರಿದರೆ, ಅದು ಸುತ್ತಲಿನ ಬಡ ನೀರಿಗೆ ಸೋರಿಹೋಗುತ್ತದೆ, ಒಡೆದ ಕಾಲುವೆಯಲ್ಲಿ ನೀರು ಹಾಯಿಸಿದ ಹಾಗೆ. ಕುಚ್ಚುಮೀನಿನ ಕಿವಿರು ಅದರ ಗಾತ್ರಕ್ಕೆ ಸಣ್ಣದಾಗಿರುವುದಕ್ಕೆ ಇದೊಂದು ಕಾರಣ. ಈ ಕುಲದ ಮೀನುಗಳ ಹೃದಯದಿಂದ ಹೊರಡುವ ನಾಳದ ಏರ್ಪಾಡು ಕೂಡ ಇದಕ್ಕೆ ತಕ್ಕಂತಿದೆ. ಉಳಿದ ಮೀನುಗಳಲ್ಲಿ ಹೃದಯದಿಂದ ಕಿವಿರಿಗೆ ಒಂದೇ ಮಹಾನಾಳ ಹೋದರೆ ಇವುಗಳಲ್ಲಿ ಎರಡು ಹೊರಡುತ್ತವೆ: ಮುಂದಿನದು ಮೊದಲ ಎರಡು ಕಿವಿರು ಕಮಾನುಗಳ ಮೂಲಕ ಗಾಳಿಕೋಣೆಗೆ ರಕ್ತ ಒಯ್ಯುತ್ತದೆ, ಹಿಂದಿನದು ಉಳಿದೆರಡು ಕಮಾನುಗಳನ್ನು ದಾಟಿ ಮೈಗೆಲ್ಲ ಹೋಗುತ್ತದೆ. ಕಪ್ಪೆ, ಹಲ್ಲಿಗಳಲ್ಲಿರುವಂಥ ಅಡ್ಡಗೋಡೆ ಹೃದಯದೊಳಗೆ ಇಲ್ಲದಿದ್ದರೂ, ಒಂದೇ ಹೃದಯದಲ್ಲಿ ಆಮ್ಲಜನಕವಿರುವ ರಕ್ತ ಹಾಗೂ ಇಲ್ಲದ ರಕ್ತ ಸ್ವಲ್ಪಮಟ್ಟಿಗೆ ಬೇರೆ ಬೇರೆಯಾಗಿಯೇ ಹರಿಯುವಂತೆ ಈ ಮೀನುಗಳು ಮಾಡಿಕೊಂಡಿವೆ.

ಈಗ ಈ ಮೈಯನ್ನು ನಮ್ಮ ನದಿಗಳಲ್ಲಿಟ್ಟು ನೋಡಬೇಕು. ಕೃಷ್ಣೆ ಹುಟ್ಟುವ ಮಹಾಬಳೇಶ್ವರದಲ್ಲಿ ವರ್ಷಕ್ಕೆ ಐದು ಸಾವಿರ ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುತ್ತದೆ. ಅದೇ ನದಿ ಹರಿಯುವ ಬಾಗಲಕೋಟೆ, ವಿಜಯಪುರಗಳಲ್ಲಿ ಆರುನೂರು ಮಿಲಿಮೀಟರ್ ಆದರೆ ಒಳ್ಳೆಯ ವರ್ಷ. ಮಲಪ್ರಭೆ ಖಾನಾಪುರ ತಾಲೂಕಿನ ಕಣಕುಂಬಿಯ ಕಾಡಿನಲ್ಲಿ, ಘಟಪ್ರಭೆ ಸಹ್ಯಾದ್ರಿಯಲ್ಲೇ ಹುಟ್ಟಿ ಬಂದು, ಕೂಡಲಸಂಗಮ ಹಾಗೂ ಚಿಕ್ಕಸಂಗಮಗಳಲ್ಲಿ ಕೃಷ್ಣೆಯನ್ನು ಸೇರುತ್ತವೆ. ಅಂದರೆ ನಮ್ಮ ಹೊಳೆಗಳಿಗೆ ಬರುವ ನೀರು ಬಹುಮಟ್ಟಿಗೆ ಬೇರೆ ಕಡೆ ಬಿದ್ದ ಮಳೆಯದು. ಇಲ್ಲಿ ಆಕಾಶ ಬೋಳಾಗಿದ್ದಾಗಲೂ ಹೊಳೆ ದಡ ಮೀರಬಹುದು, 2019ರ ಆಗಸ್ಟಿನಲ್ಲಿ ಆದಂತೆ ಊರೂರನ್ನೇ ಮುಳುಗಿಸಬಹುದು. ಆಮೇಲೆ ಆರೇಳು ತಿಂಗಳಲ್ಲಿ ಅದೇ ಪಾತ್ರದಲ್ಲಿ ಮಡುಗಳಷ್ಟೇ ಉಳಿಯಬಹುದು. ವಿಜಯಪುರದ ಡೋಣಿಯಂಥ ಹೊಳೆಗೆ ಸಹ್ಯಾದ್ರಿಯ ಆಸರೆಯೂ ಇಲ್ಲ. ಜತ್ತ ತಾಲೂಕಿನ ಒಣ ಸೀಮೆಯಲ್ಲಿ ಹುಟ್ಟುವ ಅದು ಮಳೆ ಬಂದಾಗ ಉಕ್ಕುತ್ತದೆ, ಮಳೆ ನಿಂತ ಮೇಲೆ ಸೊರಗುತ್ತದೆ, ಅದರ ನೀರು ಉಪ್ಪು. ಇಂಥ ಹೊಳೆಯಲ್ಲಿ ವರ್ಷವಿಡೀ ಬದುಕಬೇಕಾದ ಮೀನು ಮಹಾಪೂರಕ್ಕೂ ಬಿಸಿನೀರಿನ ಗುಂಡಿಗೂ ಸಿದ್ಧವಾಗಿರಬೇಕು.

ಬೇಸಿಗೆಯಲ್ಲಿ ಮಡು ಕುಗ್ಗಿದಂತೆ ಅಲ್ಲಿ ಸಿಕ್ಕಿಕೊಂಡ ಮೀನುಗಳೆಲ್ಲ ಒತ್ತೊತ್ತಾಗುತ್ತವೆ. ಆಮ್ಲಜನಕ ಇಳಿದಂತೆ ಕಿವಿರನ್ನೇ ನಂಬಿದವು ಮೊದಲು ಸಾಯುತ್ತವೆ. ಕುಚ್ಚುಮೀನಿಗೆ ಆ ಹೊತ್ತು ಒಂದು ರೀತಿಯಲ್ಲಿ ಸುಗ್ಗಿ. ಬೇಟೆ ಓಡಲು ಜಾಗವಿಲ್ಲ, ಬೇಟೆಗಾರನಿಗೆ ಉಸಿರಿನ ಚಿಂತೆಯಿಲ್ಲ. ಮಡುವೂ ಬತ್ತಿ ಕೆಸರು ಉಳಿದಾಗ ಅದು ಕೆಸರೊಳಗೆ ಹೂತುಕೊಳ್ಳುತ್ತದೆ. ಚರ್ಮ ಮತ್ತು ಗಾಳಿಕೋಣೆಗಳು ಒದ್ದೆಯಾಗಿರುವವರೆಗೆ, ಮೈಯಲ್ಲಿ ಕೂಡಿಟ್ಟ ಕೊಬ್ಬನ್ನು ಕರಗಿಸಿಕೊಂಡು ಅದು ದಿನ ದೂಡಬಲ್ಲದು. ಕೆಸರು ಬಿರುಕು ಬಿಟ್ಟು ಗಟ್ಟಿಯಾದ ಮೇಲೂ ವರ್ಷಗಟ್ಟಲೆ ಬದುಕಿರುತ್ತದೆ ಎಂಬ ಕತೆಗಳನ್ನು ನಂಬಬೇಕಾಗಿಲ್ಲ. ಮಳೆ ಬಿದ್ದ ರಾತ್ರಿ ಹುಲ್ಲಿನ ಮೇಲೆ, ಹೊಲದ ಒಡ್ಡಿನ ಮೇಲೆ ಮೈ ಹೊರಳಿಸುತ್ತ ಒಂದು ಗುಂಡಿಯಿಂದ ಇನ್ನೊಂದಕ್ಕೆ ದಾಟುವುದು ಮಾತ್ರ ನಿಜ. ಅದು ಒದ್ದೆ ನೆಲದ ಮೇಲಿನ ಸಣ್ಣ ದೂರದ ಪಯಣ. ಪೂರ ಇಳಿದ ಮೇಲೆ ನದಿದಂಡೆಯ ಇಟ್ಟಂಗಿ ಭಟ್ಟಿಯ ಗುಂಡಿಗಳಲ್ಲಿ, ಕಬ್ಬಿನ ಗದ್ದೆಯ ಬಸಿಗಾಲುವೆಗಳಲ್ಲಿ ಈ ಮೀನು ಕಾಣಿಸಿಕೊಂಡರೆ ಅದಕ್ಕೆ ಪೂರದ ನೀರೇ ದಾರಿ, ಉಳಿದ ಸ್ವಲ್ಪ ಹಾದಿ ಅದರದೇ ಪ್ರಯತ್ನ.

ಮೊಟ್ಟೆಯಿಡುವ ಕಾಲಕ್ಕೆ ಬಂದರೆ ಉಸಿರಿನ ಎಳೆ ಇನ್ನಷ್ಟು ಸ್ಪಷ್ಟವಾಗುತ್ತದೆ. ಮಿರಗದ ಮಳೆ ಬಿದ್ದು ಹೊಸ ನೀರು ಬಂದ ಮೇಲೆ, ಮಳೆಗಾಲದ ಉದ್ದಕ್ಕೂ, ಕುಚ್ಚುಮೀನುಗಳು ಜೋಡಿಯಾಗಿ ದಂಡೆಯ ಆಳವಿಲ್ಲದ ನೀರಿಗೆ ಬರುತ್ತವೆ. ಜೊಂಡು, ಆಪು, ಹುಲ್ಲು ಬೆಳೆದ ಕಡೆ ಬಾಯಿಂದ, ಬಾಲದಿಂದ ಗಿಡಗಳನ್ನು ಸರಿಸಿ ತಟ್ಟೆಯಗಲದ ತೆರವು ಮಾಡಿಕೊಳ್ಳುತ್ತವೆ. ಅಲ್ಲಿ ಬಿಟ್ಟ ಮೊಟ್ಟೆಗಳು ಮುಳುಗುವುದಿಲ್ಲ. ಪ್ರತಿಯೊಂದರಲ್ಲೂ ಎಣ್ಣೆಯ ಹನಿ ಇರುವುದರಿಂದ ಜೇನುಬಣ್ಣದ ಮಣಿಗಳಂತೆ ತೇಲುತ್ತವೆ, ಗಾತ್ರ ಮಿಲಿಮೀಟರಿಗಿಂತ ತುಸು ಹೆಚ್ಚು. ನಿಂತ ನೀರಿನ ತಳದಲ್ಲಿ ಆಮ್ಲಜನಕ ಇಲ್ಲವೆನ್ನುವಷ್ಟು ಕಡಿಮೆ. ಗಾಳಿಗೆ ತಾಗಿದ ಮೇಲುಪದರದಲ್ಲೇ ಅದು ಸಿಗುವುದು. ಮೊಟ್ಟೆಗೆ ಗಾಳಿಕೋಣೆ ಇಲ್ಲದಿರುವುದರಿಂದ ಮೊಟ್ಟೆಯನ್ನೇ ಗಾಳಿಯ ಹತ್ತಿರ ಇಟ್ಟಂತಾಯಿತು. ನೀರಿನ ಮಟ್ಟ ಏರಿದರೆ ತೇಲುವ ಮೊಟ್ಟೆಯೂ ಅದರೊಂದಿಗೆ ಏರುತ್ತದೆ, ತಳಕ್ಕೆ ಅಂಟಿದ ಮೊಟ್ಟೆಯಂತೆ ಹೂಳಿನಡಿ ಹೂತುಹೋಗುವುದಿಲ್ಲ. ಬೆಚ್ಚಗಿನ ನೀರಿನಲ್ಲಿ ಒಂದು ದಿನ ಕಳೆದು ಸ್ವಲ್ಪ ಹೊತ್ತಿಗೆಲ್ಲ ಅವು ಒಡೆಯುತ್ತವೆ. ಒಡೆದ ಮರಿಗಳೂ ಮೊದಲ ಮೂರ್ನಾಲ್ಕು ದಿನ, ಹೊಟ್ಟೆಗೆ ಅಂಟಿದ ಹಳದಿ ಭಂಡಾರ ತೀರುವವರೆಗೆ, ಮೇಲ್ಮೈಯಲ್ಲೇ ತೇಲಿಕೊಂಡಿರುತ್ತವೆ.

ಆಮೇಲೆ ನಡೆಯುವುದನ್ನು ಹಿನ್ನೀರಿನ ದಂಡೆಯಲ್ಲಿ ಎಮ್ಮೆ ಮೇಯಿಸುವ ಹುಡುಗರೂ ಬಲ್ಲರು. ನೀರಿನ ಮೇಲೆ ಒಂದು ಕಡೆ ಮಾತ್ರ ಜಿಟಿಜಿಟಿ ಮಳೆ ಬಿದ್ದಂತೆ ಕಾಣುತ್ತದೆ. ಹತ್ತಿರ ಹೋಗಿ ನೋಡಿದರೆ ಕೆಂಪು ಕಿತ್ತಳೆ ಬಣ್ಣದ ನೂರಾರು ಮರಿಗಳ ಉಂಡೆ. ಒಂದು ಗಳಿಗೆ ಉಂಡೆ ಕೆಳಗಿಳಿದು ಮಾಯವಾಗುತ್ತದೆ, ನೀರು ಸಮವಾಗುತ್ತದೆ, ಮತ್ತೆ ಮೊಳದ ದೂರದಲ್ಲಿ ಎಲ್ಲವೂ ಒಟ್ಟಿಗೆ ಮೇಲೆದ್ದು ನೀರನ್ನು ಚುಚ್ಚುತ್ತವೆ. ಮೊಟ್ಟೆಯೊಡೆದ ಹೊಸದರಲ್ಲಿ ಚರ್ಮ ಹಾಗೂ ಎಳೆಯ ಕಿವಿರುಗಳಿಂದ ಉಸಿರಾಡುವ ಮರಿಗಳಲ್ಲಿ ಕೆಲವು ವಾರಗಳಲ್ಲಿ ಗಾಳಿಕೋಣೆ ರೂಪುಗೊಳ್ಳುತ್ತದೆ, ಅಲ್ಲಿಂದ ಗಾಳಿಗೆ ಏಳುವುದು ಅವುಗಳ ನಿತ್ಯದ ಕೆಲಸ. ಗಾಳಿಗೆ ಏಳುವ ಕ್ಷಣವೇ ಅಪಾಯದ ಕ್ಷಣ. ಬೆಳ್ಳಕ್ಕಿ, ಮಿಂಚುಳ್ಳಿಗಳು ಅದನ್ನೇ ಕಾಯುತ್ತಿರುತ್ತವೆ. ಎಲ್ಲವೂ ಒಟ್ಟಿಗೆ ಎದ್ದರೆ ಹಕ್ಕಿಯ ಕೊಕ್ಕಿಗೆ ಸಿಗುವುದು ಒಂದೆರಡು ಮಾತ್ರ. ಉಂಡೆಯ ಕೆಳಗೆ, ಕೆಸರು ನೀರಿನಲ್ಲಿ ಕಾಣದಂತೆ, ತಂದೆ ತಾಯಿ ಸುತ್ತುತ್ತಿರುತ್ತವೆ. ಹತ್ತಿರ ಬಂದ ಕಪ್ಪೆ, ಹಾವು, ಇನ್ನೊಂದು ಮೀನು ಯಾವುದನ್ನೂ ಅವು ಬಿಡುವುದಿಲ್ಲ; ನೀರಿಗಿಳಿದವರ ಕಾಲಿಗೂ ಬಂದು ಹಾಯುವುದುಂಟು. ಒಂದೆರಡು ತಿಂಗಳಲ್ಲಿ ಮರಿಗಳ ಕೆಂಪು ಬಣ್ಣ ಮಾಸಿ ಕಂದಾಗುತ್ತದೆ, ಹಿಂಡು ಚದರುತ್ತದೆ. ಅಲ್ಲಿಗೆ ಬಂಧುತ್ವವೂ ಮುಗಿದಂತೆ: ಗಾತ್ರದಲ್ಲಿ ಮುಂದಾದದ್ದು ಹಿಂದುಳಿದ ಒಡಹುಟ್ಟನ್ನೇ ನುಂಗುತ್ತದೆ.

ರೋಹು, ಕಾಟ್ಲಾಗಳು ಇದಕ್ಕೆ ತೀರ ಎದುರು. ಒಂದು ಕಿಲೋ ತೂಕದ ಹೆಣ್ಣು ಲಕ್ಷಕ್ಕೂ ಮೀರಿ ಮೊಟ್ಟೆಯನ್ನು ಪೂರದ ನೀರಿಗೆ ಚೆಲ್ಲಿ ಹೊರಟುಹೋಗುತ್ತದೆ; ಉಳಿದದ್ದು ನೀರಿನ ಪಾಲು. ಕುಚ್ಚುಮೀನಿನ ಗೂಡಿನಲ್ಲಿ ಮೊಟ್ಟೆ ಕೆಲವು ಸಾವಿರ ಮಾತ್ರ, ಉಳಿವಿನ ಭರವಸೆಯೆಲ್ಲ ಕಾವಲಿನ ಮೇಲೆ. ಈ ವ್ಯತ್ಯಾಸ ಬಲೆ ಹಾಕುವವರಿಗೂ ಗಾಳ ಹಾಕುವವರಿಗೂ ಅರ್ಥವಾಗಬೇಕಾದದ್ದು. ಜುಲೈ ತಿಂಗಳಲ್ಲಿ ಹಿಡಿದ ರೋಹು ಒಂದು ಮೀನಾದರೆ, ಮರಿ ಕಾಯುತ್ತಿರುವ ಕುಚ್ಚುಮೀನನ್ನು ಹಿಡಿಯುವುದೆಂದರೆ ಅದರ ಹಿಂಡನ್ನೂ ಹಿಡಿದಂತೆಯೇ. ದುರದೃಷ್ಟಕ್ಕೆ ಆ ಹೊತ್ತಿನಲ್ಲೇ ಅದನ್ನು ಹಿಡಿಯುವುದು ಅತಿ ಸುಲಭ. ಮರಿಯುಂಡೆಯ ಮೇಲೆ ಕಪ್ಪೆ ಸಿಕ್ಕಿಸಿದ ಗಾಳವನ್ನು ಆಡಿಸಿದರೆ ಹಸಿವಿರಲಿ ಬಿಡಲಿ ತಾಯಿಯೋ ತಂದೆಯೋ ಬಂದು ಕಚ್ಚುತ್ತದೆ. ಪಶ್ಚಿಮ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ದೋಣಿಗಳ ಮೀನುಗಾರಿಕೆಗೆ ನಿಷೇಧವಿದ್ದು, ಗೋವಾ, ಕಾರವಾರಗಳಿಂದ ಬೆಳಗಾವಿಗೆ ಬರುವ ಸಮುದ್ರದ ಮೀನು ಆಗ ಇಳಿಯುತ್ತದೆ. ಹೊಳೆಮೀನಿನ ಮೇಲೆ ಕಣ್ಣು ಬೀಳುವುದು ಸಹಜವೇ. ಆದರೆ ಅದೇ ಎರಡು ತಿಂಗಳು ಕುಚ್ಚುಮೀನಿನ ಬಾಣಂತನದ ಕಾಲವೂ ಹೌದು.

ಬೇಟೆಯ ವಿಷಯದಲ್ಲಿ ಹೆಚ್ಚು ಹೇಳುವುದೇನಿಲ್ಲ. ಸಣ್ಣ ಮೀನು, ಕಪ್ಪೆ, ಗೊದಮೊಟ್ಟೆ, ಸೀಗಡಿ, ನೀರ ಹುಳುಗಳು ಇದರ ಆಹಾರ. ಅಟ್ಟಿಸಿಕೊಂಡು ಹೋಗುವ ಗುಣ ಇದಕ್ಕಿಲ್ಲ. ಜೊಂಡಿನ ನೆರಳಿನಲ್ಲಿ ಅಲುಗದೆ ನಿಂತು, ಬೇಟೆ ಎಟುಕಿಗೆ ಬಂದಾಗ ಮೈಯನ್ನು ಡೊಂಕಾಗಿಸಿ ಬಿಲ್ಲಿನಂತೆ ಚಿಮ್ಮುತ್ತದೆ. ಇದನ್ನು ತಿನ್ನುವವರೂ ಇದ್ದಾರೆ: ಕೃಷ್ಣೆಯ ಮೊಸಳೆಗಳು, ನೀರುನಾಯಿಗಳು, ದೊಡ್ಡ ಹಕ್ಕಿಗಳು, ಮತ್ತು ಮಡುವಿನಲ್ಲಿ ಇದಕ್ಕಿಂತ ದೊಡ್ಡ ಬಾಯಿಯ ಬಾಳೆಮೀನು.

ನದಿಯೇ ಬದಲಾದ ಮೇಲೆ ಮೀನಿನ ಪಾಡು ಬದಲಾಗದೆ ಇರದು. ಹಿಡಕಲ್, ನವಿಲುತೀರ್ಥ, ಆಲಮಟ್ಟಿ ಅಣೆಕಟ್ಟುಗಳು, ಹಿಪ್ಪರಗಿಯ ಬ್ಯಾರೇಜು, ಜಮಖಂಡಿ ಸೀಮೆಯ ರೈತರು ಸಿದ್ದು ನ್ಯಾಮಗೌಡರ ಮುಂದಾಳ್ತನದಲ್ಲಿ ತಾವೇ ದುಡ್ಡು ಕೂಡಿಸಿ 1989ರಲ್ಲಿ ಕಟ್ಟಿಕೊಂಡ ಚಿಕ್ಕಪಡಸಲಗಿಯ ಬ್ಯಾರೇಜು, ಊರೂರಿನ ಬಾಂದಾರಗಳು, ಇವೆಲ್ಲ ಸೇರಿ ಹರಿಯುವ ಹೊಳೆಯನ್ನು ಸಾಲುಸಾಲು ನಿಂತ ನೀರಾಗಿಸಿವೆ. ಒಂದು ನೋಟಕ್ಕೆ ಇದು ನಿಂತ ನೀರಿನ ಮೀನಿಗೆ ಒಳ್ಳೆಯದೇ. ಆಳವಿಲ್ಲದ, ಗಿಡ ಬೆಳೆದ ದಂಡೆ ಎಲ್ಲಿದೆಯೋ ಅಲ್ಲಿ ಅದು ಚೆನ್ನಾಗಿಯೇ ಇದೆ. 519.6 ಮೀಟರ್ ಮಟ್ಟದವರೆಗೆ ತುಂಬುವ ಆಲಮಟ್ಟಿಯ ಹಿನ್ನೀರು ಬಾಗಲಕೋಟೆಯ ಹಳೆಯ ಊರಿನವರೆಗೂ ಹರಡಿಕೊಂಡು, ಬೇಸಿಗೆಯ ಹೊತ್ತಿಗೆ ಹಿಂದೆ ಸರಿಯುವಾಗ ಮೈಲುಗಟ್ಟಲೆ ಕೆಸರುದಂಡೆಯನ್ನು ಬಿಟ್ಟುಹೋಗುತ್ತದೆ. ತೊಂದರೆ ಇರುವುದು ಮಟ್ಟ ಒಮ್ಮಿಂದೊಮ್ಮೆ ಇಳಿದಾಗ: ತೇಲುವ ಮೊಟ್ಟೆ ಏರುವ ನೀರಿಗೆ ಹೊಂದಿಕೊಳ್ಳುತ್ತದೆ, ಇಳಿಯುವ ನೀರಿನಲ್ಲಿ ಹುಲ್ಲಿನ ಮೇಲೆ ಸಿಕ್ಕಿ ಒಣಗುತ್ತದೆ. ಇನ್ನು ಪ್ಲಾಸ್ಟಿಕ್ ಹಾಳೆ ಹಾಸಿದ ಕೃಷಿ ಹೊಂಡದಲ್ಲಿ ಹುಲ್ಲುದಂಡೆಯೂ ಇಲ್ಲ, ಕೆಸರೂ ಇಲ್ಲ. ಅಲ್ಲಿ ಕುಚ್ಚುಮೀನು ತಾನಾಗಿ ಸಂಸಾರ ಹೂಡುವುದನ್ನು ನಿರೀಕ್ಷಿಸಲಾಗದು.

ಕೊಳೆ ನೀರಿನ ವಿಷಯದಲ್ಲಿ ಒಂದು ತಪ್ಪು ತಿಳಿವಳಿಕೆ ಇದೆ. ಕಾರ್ಖಾನೆಯ ಅಥವಾ ಊರಿನ ಕೊಳೆ ನೀರು ಸೇರಿ ಉಳಿದ ಮೀನೆಲ್ಲ ಸತ್ತು ತೇಲಿದಾಗಲೂ ಕುಚ್ಚುಮೀನು ಬದುಕಿರುವುದನ್ನು ಕಂಡು, ಇದಕ್ಕೆ ಯಾವ ವಿಷವೂ ತಾಗದು ಎನ್ನುವವರಿದ್ದಾರೆ. ಸಿಹಿ ಅಥವಾ ಸಾವಯವ ಕಸ ನೀರಿಗೆ ಬಿದ್ದಾಗ ಅದನ್ನು ಕೊಳೆಸುವ ಸೂಕ್ಷ್ಮಜೀವಿಗಳು ನೀರಿನ ಆಮ್ಲಜನಕವನ್ನೆಲ್ಲ ಬಳಸುವುದರಿಂದ ಮೀನು ಸಾಯುತ್ತದೆ; ಕುಚ್ಚುಮೀನು ಪಾರಾಗುವುದು ಈ ಒಂದು ಸಾವಿನಿಂದ ಮಾತ್ರ. ಕೀಟನಾಶಕ, ಭಾರಲೋಹಗಳು ಅದರ ಮೈಯನ್ನೂ ಸೇರುತ್ತವೆ, ಬೇಟೆಗಾರ ಮೀನಾದ್ದರಿಂದ ತಿಂದ ಮೀನುಗಳ ಮೈಯಲ್ಲಿದ್ದುದೂ ಬಂದು ಕೂಡಿಕೊಳ್ಳುತ್ತದೆ. ಹಾಗಾಗಿ ಕೊಳಚೆ ಹಳ್ಳದಲ್ಲಿ ಚುರುಕಾಗಿ ಓಡಾಡುವ ಕುಚ್ಚುಮೀನು ತಿನ್ನಲು ಯೋಗ್ಯ ಎಂದು ತಿಳಿಯಬಾರದು.

ರೋಗವೂ ಇದನ್ನು ಬಿಟ್ಟಿಲ್ಲ. ಮೈಮೇಲೆ ಕೆಂಪು ಹುಣ್ಣಾಗಿ ಮಾಂಸ ಕೊರೆದು ಹೋಗುವ ಹುಣ್ಣುರೋಗ 1988ರಲ್ಲಿ ಈಶಾನ್ಯ ಭಾರತದಲ್ಲಿ ಕಾಣಿಸಿಕೊಂಡು ಆಮೇಲಿನ ವರ್ಷಗಳಲ್ಲಿ ದೇಶದ ಬಹುಭಾಗಕ್ಕೆ ಹಬ್ಬಿತು. ಅಫನೋಮೈಸಿಸ್ ಎಂಬ ಶಿಲೀಂಧ್ರದಂಥ ಜೀವಿ ಇದಕ್ಕೆ ಕಾರಣ, ಮತ್ತು ಅದರ ಹೊಡೆತವನ್ನು ಅತಿ ಹೆಚ್ಚು ತಿಂದ ಮೀನುಗಳಲ್ಲಿ ಕುಚ್ಚುಮೀನಿನ ಕುಲವೂ ಒಂದು.

ಇನ್ನೊಂದು ದೇಶದಲ್ಲಿ ಇದೇ ಕುಲ ಖಳನಾಯಕ. ಅಮೆರಿಕದ ಮೇರಿಲ್ಯಾಂಡ್ ರಾಜ್ಯದ ಕ್ರಾಫ್ಟನ್ ಎಂಬಲ್ಲಿನ ಹೊಂಡದಲ್ಲಿ 2002ರಲ್ಲಿ ಚೀನಾ ಮೂಲದ ಚನ್ನಾ ಆರ್ಗಸ್ ಸಿಕ್ಕಾಗ ಪತ್ರಿಕೆಗಳು ನಡೆದಾಡುವ ಮೀನೆಂದು ಹುಯಿಲೆಬ್ಬಿಸಿದವು. ಹೊಂಡಕ್ಕೆ ವಿಷ ಹಾಕಲಾಯಿತು, ಅದೇ ವರ್ಷ ಈ ಕುಲದ ಜೀವಂತ ಮೀನುಗಳ ಆಮದನ್ನು ಅಲ್ಲಿನ ಸರ್ಕಾರ ನಿಷೇಧಿಸಿತು. ನಮ್ಮ ಹೂವಿನ ಮುರಲ್ಲಿನ ಹತ್ತಿರದ ಸಂಬಂಧಿಯೊಂದು ಕೂಡ ಫ್ಲಾರಿಡಾದ ಕಾಲುವೆಗಳಲ್ಲಿ ನೆಲೆಯೂರಿದೆ. ಬತ್ತುವ ಹೊಳೆಯಲ್ಲಿ ಬದುಕಲು ಬೇಕಾದ ಗುಣಗಳೇ ಪರಸ್ಥಳದಲ್ಲಿ ಹಾವಳಿಯ ಗುಣಗಳಾಗುತ್ತವೆ. ಆಫ್ರಿಕಾದ ಗಾಳಿ ಕುಡಿಯುವ ಕ್ಯಾಟ್‌ಫಿಶ್, ನಿಷೇಧವಿದ್ದರೂ ಕಳ್ಳದಾರಿಯಲ್ಲಿ ಬಂದು, ಈಗ ನಮ್ಮ ಕೆರೆಗಳಲ್ಲಿ ಮಾಡುತ್ತಿರುವುದೂ ಇದನ್ನೇ.

ತಿನ್ನುವವರಿಗೆ ಈ ಮೀನು ಇಷ್ಟವಾಗಲು ಮುಖ್ಯ ಕಾರಣ, ಗೆಂಡೆ ಜಾತಿಯ ಮೀನುಗಳಲ್ಲಿರುವಂಥ ಸಣ್ಣ ಕವಲು ಮುಳ್ಳುಗಳು ಇದರ ಮಾಂಸದಲ್ಲಿ ಇಲ್ಲದಿರುವುದು. ಜೀವಂತವಾಗಿ ಮಾರಬಹುದಾದ್ದರಿಂದ ಮಂಜುಗಡ್ಡೆಯ ಖರ್ಚಿಲ್ಲ, ಬೆಲೆಯೂ ಹೆಚ್ಚು. ತೆಲಂಗಾಣ ಇದನ್ನು ತನ್ನ ರಾಜ್ಯ ಮೀನಾಗಿ ಆರಿಸಿಕೊಂಡಿದೆ. ಹೈದರಾಬಾದಿನಲ್ಲಿ ಮೃಗಶಿರಾ ಕಾರ್ತಿಯ ದಿನ ಆಸ್ತಮಾ ಇರುವವರಿಗೆ ಔಷಧಿ ತುಂಬಿದ ಜೀವಂತ ಮರಿಯನ್ನು ನುಂಗಿಸುವುದು ಇದೇ ಮೀನಿನದು. ಅದರಿಂದ ಆಸ್ತಮಾ ವಾಸಿಯಾಗುತ್ತದೆ ಎಂಬುದಕ್ಕೆ ವೈದ್ಯವಿಜ್ಞಾನದ ಆಧಾರ ಸಿಕ್ಕಿಲ್ಲ. ಗಾಯ ಬೇಗ ಮಾಯುತ್ತದೆಂದು ಮಲೇಷ್ಯಾ, ಇಂಡೋನೇಷ್ಯಾಗಳಲ್ಲಿ ಬಾಣಂತಿಯರಿಗೆ, ಶಸ್ತ್ರಚಿಕಿತ್ಸೆಯಾದವರಿಗೆ ಇದರ ಸಾರು ಕೊಡುವ ರೂಢಿ ಇದ್ದು, ಅದರ ಮೇಲೆ ಸಾಕಷ್ಟು ಸಂಶೋಧನೆ ನಡೆದಿದೆ. ಈ ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು.

ಇಷ್ಟು ಬೇಡಿಕೆ ಇದ್ದೂ ಇದನ್ನು ರೋಹುವಿನಂತೆ ಎಲ್ಲರೂ ಸಾಕದಿರುವುದಕ್ಕೆ ಕಾರಣ ಮರಿಗಳ ಬಾಯಿ. ನದಿಯಿಂದ ಮರಿಯುಂಡೆಗಳನ್ನೇ ಬಾಚಿ ತಂದು ಹೊಂಡಕ್ಕೆ ಬಿಡುವುದು ಹಳೆಯ ಪದ್ಧತಿ. ಕಾವಲಿನ ಮೇಲೆ ನಿಂತ ಸಂತಾನಕ್ಕೆ ಅದಕ್ಕಿಂತ ಕೆಟ್ಟದ್ದಿಲ್ಲ. ಈಗ ಹಾರ್ಮೋನಿನ ಚುಚ್ಚುಮದ್ದು ಕೊಟ್ಟು ತೊಟ್ಟಿಯಲ್ಲೇ ಮೊಟ್ಟೆಯಿಡಿಸಲು ಸಾಧ್ಯವಿದೆ. ಆ ಮರಿಗಳಿಗೆ ಮೊದಲು ಅಲುಗಾಡುವ ನೀರ ಹುಳುಗಳನ್ನೇ ಕೊಡಬೇಕು, ಆಮೇಲೆ ದಿನದಿನಕ್ಕೂ ಹಿಂಡಿಯ ಪಾಲನ್ನು ಹೆಚ್ಚಿಸುತ್ತ ಅಲುಗಾಡದ ಗುಳಿಗೆ ಆಹಾರಕ್ಕೆ ಒಗ್ಗಿಸಬೇಕು. ಕೆಲವು ದಿನಕ್ಕೊಮ್ಮೆ ಜರಡಿ ಹಿಡಿದು ದೊಡ್ಡವನ್ನು ಬೇರೆ ತೊಟ್ಟಿಗೆ ಹಾಕದಿದ್ದರೆ ತೊಟ್ಟಿಯಲ್ಲಿ ಕೊನೆಗೆ ಉಳಿಯುವುದು ಹೊಟ್ಟೆ ಉಬ್ಬಿದ ಕೆಲವೇ ಮರಿಗಳು. ಹೊಂಡಕ್ಕೆ ಸುತ್ತಲೂ ಬಲೆಯ ಬೇಲಿ ಬೇಕು, ಇಲ್ಲದಿದ್ದರೆ ಮೊದಲ ದೊಡ್ಡ ಮಳೆಗೆ ಒಡ್ಡು ಹತ್ತಿ ಹೊರಟುಬಿಡುತ್ತವೆ. ಹಕ್ಕಿಗಳ ಕಾಟಕ್ಕೆಂದು ನೀರಿನ ಮೇಲೆ ಬಲೆ ಹೊದಿಸುವವರು ಅದನ್ನು ನೀರಿಗೆ ತಾಗದಂತೆ ಎತ್ತರಕ್ಕೆ ಬಿಗಿಯಬೇಕು. ಬಲೆ ಜೋತು ಮುಳುಗಿದ ಕಡೆ, ಅದರ ಕೆಳಗೆ ಸಿಕ್ಕಿಕೊಂಡ ಮೀನು ಮೂತಿಯನ್ನು ಗಾಳಿಗೆ ತಾಗಿಸಲಾಗದೆ ಸಾಯುತ್ತದೆ.